ಕಾಯಿಸದ ಡೊಳ್ಳು

“ಚಿಕ್ಕಪ್ಪ, ನಾಳೆ ನಮ್ ಸ್ಕೂಲಿಗೆ ಬರ್ತೀಯಲ್ಲ?”

ಮಮತಾ ಹಿಂದಿನಿಂದ ಮೂರನೇ ಸಲ ಕೇಳಿದಳು. ದುರುಗೇಶ್ ಚಿಕ್ಕಪ್ಪ ತಿರುಗಲೇ ಇಲ್ಲ. ಕುರಿಹಟ್ಟಿಯನ್ನೇ ನೋಡುತ್ತಾ ಕುಳಿತಿದ್ದ.

ಚಿಕ್ಕಪ್ಪ ದೊಡ್ಡ ರಾಕ್ ಬ್ಯಾಂಡಿನ ಡ್ರಮ್ಮರ್. ಯಾವ್ಯಾವುದೋ ದೇಶಗಳಲ್ಲಿ ಬಾರಿಸಿ ಬಂದವನು. ಅವನ ವಿಡಿಯೋ ನೋಡದವರು ಹಿರೇಗುಂಟನೂರಿನಲ್ಲಿ ಯಾರೂ ಇಲ್ಲ. ಆದರೆ ಈ ಸಲ ಊರಿಗೆ ಬಂದಾಗಿನಿಂದ ಯಾರು ಮಾತಾಡಿಸಿದರೂ ಸುಮ್ಮನೆ ನಗುತ್ತಾನೆ. ಹೆಸರು ಬಂದಮೇಲೆ ಜಂಬವೂ ಬಂತು ಅಂತ ಊರವರು ಆಡಿಕೊಳ್ಳುತ್ತಿದ್ದರು.

ಮಮತಾಳ ಬಾಯಿ ಸುಮ್ಮನಿರುತ್ತದೆಯೇ? ಸ್ಕೂಲ್ ಡೇಗೆ ನಮ್ಮ ಚಿಕ್ಕಪ್ಪ ಬಾರಿಸುತ್ತಾನೆ ಅಂತ ಇಡೀ ಕ್ಲಾಸಿಗೆ ಹೇಳಿಬಿಟ್ಟಿದ್ದಳು. ಈಗ ಅವಳಿಗೆ ಚಿಕ್ಕಪ್ಪನ ಮೇಲೆ ಸಿಟ್ಟಿನ ಜೊತೆಗೆ ಭಯವೂ ಆಗತೊಡಗಿತು.

ಒಳಗೆ ಹೋಗಿ ಗೋವಿಂದಪ್ಪ ತಾತನ ಡೊಳ್ಳು ಎತ್ತಿಕೊಂಡು ಬಂದು ಚಿಕ್ಕಪ್ಪನ ಮುಂದೆ ಇಟ್ಟಳು. ಅವನಿಗೆ ಬಾರಿಸುವುದನ್ನು ಕಲಿಸಿದ್ದು ಇದೇ ಡೊಳ್ಳು. ಚಿಕ್ಕಪ್ಪ ಕೋಲು ತೆಗೆದುಕೊಂಡ. ಕಣ್ಣು ಮುಚ್ಚಿ ಬಾರಿಸತೊಡಗಿದ.

ದಪ್. ದಪ್. ದಪ್.

ನೆನೆದ ಗೋಣಿಚೀಲಕ್ಕೆ ಹೊಡೆದ ಹಾಗಿತ್ತು. ಎರಡು ದಿನದಿಂದ ಜಡಿಮಳೆ. ಡೊಳ್ಳಿನ ಚರ್ಮ ತಂಡಿ ಹಿಡಿದಿತ್ತು. ಕೆಂಡದ ಕಾವಿಗೆ ಹಿಡಿದು ಬಿಗಿ ಮಾಡದೆ ಆ ಮನೆಯಲ್ಲಿ ಯಾರೂ ಡೊಳ್ಳು ಬಾರಿಸುವುದಿಲ್ಲ. ಆದರೂ ಚಿಕ್ಕಪ್ಪ ತಲೆದೂಗುತ್ತಾ ಬಾರಿಸುತ್ತಲೇ ಇದ್ದ.

“ಸಾಕು ಬಿಡಪ್ಪ,” ಅಂದ ಬಾಗಿಲ ಬಳಿ ಕುಳಿತಿದ್ದ ತಾತ. ಚಿಕ್ಕಪ್ಪ ನಿಲ್ಲಿಸಲಿಲ್ಲ. ತಾತ ಎದ್ದು ಬಂದು ಅವನ ಹೆಗಲು ಮುಟ್ಟಬೇಕಾಯಿತು.

ಚಿಕ್ಕಪ್ಪ ಕಣ್ಣು ಬಿಟ್ಟ. ಇಬ್ಬರ ಮುಖವನ್ನೂ ನೋಡಿದ. ಚರ್ಮವನ್ನು ಬೆರಳಿನಿಂದ ಒತ್ತಿದ. ಅವನ ಮುಖ ಸಣ್ಣದಾಯಿತು.

“ಕಿವಿ ಹೋಗ್ಯಾವೆ ಮಮತಾ,” ಅಂದ. “ಅಷ್ಟು ವರ್ಷ ಆ ಸೌಂಡ್ ಮಧ್ಯನೇ ಕುಂತಿದ್ನಲ್ಲ. ಬ್ಯಾಂಡಿನೋರಿಗೆ ಹೇಳಾಕೆ ಇನ್ನೂ ಧೈರ್ಯ ಬಂದಿಲ್ಲ. ನಾನೇ ಹೇಳಾತನಕ ನೀನು ಯಾರಿಗೂ ಹೇಳಬ್ಯಾಡವ್ವ.”

ಮಮತಾ ತಲೆಯಾಡಿಸಿದಳು. ಇಷ್ಟು ದಿನ ಅವನ ಮೇಲೆ ಸಿಟ್ಟು ಮಾಡಿಕೊಂಡಿದ್ದಕ್ಕೆ ಅವಳಿಗೆ ತುಂಬಾ ಸಂಕಟವಾಯಿತು.

ಮರುದಿನ ಸ್ಕೂಲಿನಲ್ಲಿ ಚಿಕ್ಕಪ್ಪ ಎಷ್ಟು ಗಂಟೆಗೆ ಬರುತ್ತಾರೆ ಅಂತ ಮಿಸ್ ಕೇಳಿದರು.

“ಬರಲ್ಲ ಮಿಸ್,” ಅಂದಳು ಮಮತಾ.

“ಮತ್ತೆ ಅವತ್ತು ಹೇಳಿದ್ದು ಸುಳ್ಳಾ?” ಪಕ್ಕದ ಬೆಂಚಿನ ಸುಪ್ರಿಯಾ ಕೇಳಿದಳು.

ನಿಜ ನಾಲಿಗೆಯ ತುದಿಗೆ ಬಂದಿತ್ತು.

“ಹೂಂ, ಸುಳ್ಳು,” ಅಂದು ಮಮತಾ ಕುಳಿತುಬಿಟ್ಟಳು. ಕ್ಲಾಸೆಲ್ಲ ನಕ್ಕಿತು. ಅವಳಿಗೆ ಅಳು ಬಂತು, ಆದರೂ ಬಾಯಿ ಬಿಡಲಿಲ್ಲ.

ಸಂಜೆ ಮನೆಗೆ ಬಂದಾಗ ಚಿಕ್ಕಪ್ಪ ಅದೇ ಜಾಗದಲ್ಲಿ ಕುಳಿತಿದ್ದ. ಮಮತಾ ಹಿಂದಿನಿಂದ ಕೂಗಲಿಲ್ಲ. ಸುತ್ತು ಬಳಸಿ ಅವನ ಎದುರಿಗೆ ಹೋದಳು. ಅವನು ಮುಖ ಎತ್ತುವ ತನಕ ಕಾದಳು.

ಆಮೇಲೆ ನಿಧಾನವಾಗಿ, ಒಂದೊಂದೇ ಮಾತು ಬಿಡಿಸಿ ಹೇಳಿದಳು:

“ಚಿಕ್ಕಪ್ಪ, ಒಲೇಲಿ ಕೆಂಡ ಐತೆ. ಡೊಳ್ಳು ಕಾಸಾಣ ಬಾ.”