ಗಂಗಮ್ಮನ ಕಲ್ಲಿನ ವಯಸ್ಸು

ನಂಗಲಿಯ ಆಚೆ, ಗಂಗಮ್ಮನ ಕಟ್ಟೆಯ ಮುಂದೆ ಹೆಣ ಬಿದ್ದಿತ್ತು. ಕೋಲಾರದ ಕಾಲೇಜಿನಲ್ಲಿ ಭೂವಿಜ್ಞಾನ ಕಲಿಸುತ್ತಿದ್ದ ಸುಬ್ಬರಾಯಪ್ಪನದು. ಮೈತುಂಬ ದೊಣ್ಣೆಯೇಟು. ಪಕ್ಕದ ಚೀಲದಲ್ಲಿ, ಊರು ಪೂಜಿಸುವ ಗಂಗಮ್ಮನ ಕಲ್ಲಿನದೇ ಒಂದು ಚೂರು.

ಸಬ್ ಇನ್ಸ್‌ಪೆಕ್ಟರ್ ಕೋದಂಡರಾಮಪ್ಪ ಬೂಟು ಬಿಚ್ಚಿ ಕಟ್ಟೆ ಹತ್ತಿ ತಾಯಿಗೆ ಕೈ ಮುಗಿದರು. ಆಮೇಲೆ ತಿರುಗಿದರು.

"ಯಾರು ಹೊಡೆದ್ರು?"

"ತಾಯೇ ಹೊಡೆದ್ಲು ಸಾಮಿ," ಎಂದಳು ಮುದುಕಿ ಅಕ್ಕಯಮ್ಮ.

"ತಾಯಿ ದೊಣ್ಣೆ ಹಿಡೀತಾಳೇನಮ್ಮ?"

ಅಕ್ಕಯಮ್ಮ ಸೆರಗಲ್ಲಿ ಮೂಗೊರೆಸಿಕೊಂಡಳು. "ಬೆಳಗ್ಗೆ ಕಟ್ಟೆ ಮೇಲೆ ಹೂವು ಇಡಾಕೆ ಬಂದೆ. ಸುತ್ತು ಬರುವಾಗ ನೋಡಿದ್ರೆ ಕಲ್ಲು ಒಡೆದಿತ್ತು. ಕೂಗ್ಕೊಂಡೆ. ಈ ಮೇಷ್ಟ್ರು ಬಸ್ಸಿಗೆ ನಿಂತಿದ್ದ. 'ಅವನ ಚೀಲ ನೋಡ್ರೋ' ಅಂದ್ರು ಪೂಜಾರಿ ಪೆದ್ದಪ್ಪ. ಗಂಡಸರು ಎಳ್ಕೊಂಡು ಬಂದ್ರು."

*

ಹಿಂದಿನ ದಿನ ಪೂಜಾರಿಗೂ ಮೇಷ್ಟ್ರಿಗೂ ನಡೆದಿದ್ದ ವಾದವನ್ನು ಟೀ ಅಂಗಡಿಯ ಮುನಿಶಾಮಿ ಹೇಳಿದ.

"ತಾಯಿ ಕಲಿಯುಗ ಹುಟ್ಟಿದಾಗ ಇಳಿದ್ಲು, ಐದು ಸಾವಿರ ವರ್ಷ ಅಂದ್ರು ಪೂಜಾರಪ್ಪ. ಮೇಷ್ಟ್ರು, ಕಲ್ಲೊಳಗೆ ಯುರೇನಿಯಂ ಇರುತ್ತೆ, ಅದು ನಿಧಾನಕ್ಕೆ ಸೀಸ ಆಗುತ್ತೆ, ಎಷ್ಟಾಗಿದೆ ಅಂತ ಅಳೆದ್ರೆ ಕಲ್ಲಿನ ವಯಸ್ಸು ಸಿಗುತ್ತೆ, ಇನ್ನೂರೈವತ್ತು ಕೋಟಿ ವರ್ಷ ದಾಟಬಹುದು ಅಂದ್ರು. ನಾವೆಲ್ಲ ನಕ್ವಿ. ಪೂಜಾರಪ್ಪ ಮಾತ್ರ ನಗಲಿಲ್ಲ."

ಮೇಷ್ಟ್ರೇ ಕಳ್ಳ ಎಂಬುದು ಅಲ್ಲಿಗೆ ಗಟ್ಟಿಯಾದಂತಿತ್ತು. ಕೋದಂಡರಾಮಪ್ಪನವರಿಗೂ ಹಾಗೇ ಅನಿಸಿತು. ಆದರೂ ಮತ್ತೊಮ್ಮೆ ಕಟ್ಟೆ ಹತ್ತಿದರು. ಒಡೆದದ್ದು ಕಲ್ಲಿನ ಬೆನ್ನ ಕಡೆ. ಆ ಗಾಯದ ತುಂಬ ಹಿಪ್ಪೆ ಎಣ್ಣೆಯಲ್ಲಿ ಕಲೆಸಿದ ಅರಿಸಿನ ಮೆತ್ತಿತ್ತು.

"ನೀನು ಹಚ್ಚಿದೆಯೇನಮ್ಮ?" ಎಂದು ಅಕ್ಕಯಮ್ಮನನ್ನು ಕೇಳಿದರು.

"ಅಯ್ಯೋ, ನಾವು ತಾಯೀನ ಮುಟ್ಟಂಗಿಲ್ಲ. ನಾನು ನೋಡಿದಾಗಲೇ ಇತ್ತು."

"ಮುಟ್ಟೋರು ಯಾರು?"

"ಪೂಜಾರಪ್ಪ ಒಬ್ರೇ."

*

"ಗಾಯಕ್ಕೆ ಅರಿಸಿನ ಹಚ್ಚಿ ಹೋಗೋ ಕಳ್ಳ ಇರ್ತಾನಾ ಪೆದ್ದಪ್ಪ?" ಎಂದರು ಕೋದಂಡರಾಮಪ್ಪ ಮೆಲ್ಲಗೆ. "ಮುಖ ಬಿಟ್ಟು ಬೆನ್ನಲ್ಲಿ ಒಡೆದಿದೆ. ತಾಯಿಗೆ ನೋಯುತ್ತೆ ಅಂತ ನಂಬಿದೋನು ಒಡೆದಿದ್ದು. ಚೀಲ ಬಿಚ್ಚೋಕೆ ಮುಂಚೆ ಚೂರು ಅದರಲ್ಲಿದೆ ಅಂತ ನಿಂಗೆ ಹೆಂಗೆ ಗೊತ್ತಾಯ್ತು? ಕೊಟ್ಟೋನು ನೀನೇ."

ಪೆದ್ದಪ್ಪ ಕಟ್ಟೆಯ ಅಂಚಿಗೆ ಕೂತ.

"ಐದು ಸಾವಿರ ವರ್ಷ ಅಂತ ಜೀವಮಾನ ಎಲ್ಲಾ ಜನಕ್ಕೆ ಒಂದೇ ಮಾತು ಹೇಳ್ದೆ ಸಾಮಿ. ಸುಳ್ಳಾ, ನಿಜವಾ, ತಿಳ್ಕೊಂಡು ಸಾಯೋಣ ಅನ್ನಿಸ್ತು. ರಾತ್ರಿ ನಾನೇ ಒಡೆದು ಮೇಷ್ಟ್ರಿಗೆ ಕೊಟ್ಟೆ. ಯಾರಿಗೂ ಹೇಳಬೇಡಪ್ಪ ಅಂದೆ. ಬೆಳಗ್ಗೆ ಅಕ್ಕಯಮ್ಮ ಕೂಗಿದಾಗ ಎಲ್ಲರೂ ನನ್ನ ಮುಖ ನೋಡಿದ್ರು. ಹೆದರಿ ಅವನ ಕಡೆ ಕೈ ತೋರಿಸ್ಬಿಟ್ಟೆ."

"ಅವನು ಏನಂದ?"

"ಏಟು ಬೀಳುವಾಗ ನನ್ನೇ ನೋಡ್ತಿದ್ದ. ನನ್ನ ಹೆಸರು ಹೇಳಲಿಲ್ಲ."

ಪೆದ್ದಪ್ಪನ ಹಿಂದೆ ದೊಣ್ಣೆ ಹಿಡಿದಿದ್ದವರೂ ಒಬ್ಬೊಬ್ಬರಾಗಿ ಪೊಲೀಸ್ ವ್ಯಾನು ಹತ್ತಿದರು. ಚೂರನ್ನು ಬಟ್ಟೆಯಲ್ಲಿ ಸುತ್ತಿ ಅರಗಿನ ಮೊಹರು ಒತ್ತಿದ್ದಾಯಿತು. ಪೆದ್ದಪ್ಪ ಆ ಗಂಟನ್ನೇ ನೋಡುತ್ತಿದ್ದ.

"ಎಷ್ಟು ವರ್ಷದ್ದು ಸಾಮಿ ಅದು?"

"ಹೇಳೋನು ಹೋದನಲ್ಲೋ."

ಕೋದಂಡರಾಮಪ್ಪ ಈ ಸಲ ತಾಯಿಗೆ ಕೈ ಮುಗಿಯದೆ ವ್ಯಾನು ಹತ್ತಿದರು. ಹಿಂದೆ, ದೀಪ ಹಚ್ಚುವವರಿಲ್ಲದೆ, ಗಂಗಮ್ಮನ ಕಟ್ಟೆಗೆ ಕತ್ತಲಾಗುತ್ತಿತ್ತು.