ಬೋಳು ಹೊಲದ ಸದ್ದು

ನಂಬಿದರೆ ನಂಬಿ, ಬಿಟ್ಟರೆ ಬಿಡಿ. ಬೋರಗಾಂವದ ವಿಕ್ರಾಂತ ನಮ್ಮ ಗಡಿಭಾಗದ ಮಣ್ಣಿನ ಮೇಲೆ ಸಿನಿಮಾ ಮಾಡಲು ಬೇಡಕಿಹಾಳದ ನನ್ನ ಹೊಲಕ್ಕೆ ಬಂದಿದ್ದ.

"ಕಥಿ ಏನಲೇ?"

"ಕಥಿ ಇಲ್ರಿ ಕಾಕಾ. ಈ ಹೊಲದ ಸದ್ದ ಸಾಕ್ರಿ."

"ಕಬ್ಬ ಕಡದ ಹೊಲದಾಗ ಎಲ್ಲೀ ಸದ್ದಲೇ, ಹುಚ್ಚಾ?"

ಮಧ್ಯಾಹ್ನ ರೆಕಾರ್ಡ್ ಮಾಡಿ ಹೆಡ್‌ಫೋನ್ ನನ್ನ ಕಿವಿಗೆ ಹಾಕಿದ. ಆ ಬೋಳು ಹೊಲದಲ್ಲಿ ಕಬ್ಬಿನ ಗರಿ ಸರಸರ ಎನ್ನುತ್ತಿತ್ತು. ಅದರೊಳಗಿಂದ ಒಂದು ಕೂಗು: "ದುಂಡೇಶನ ಅಪ್ಪಾರ, ಬುತ್ತಿ ತಂದೇನ್ರಿ!"

ಮಗನ ಹೆಸರು ಹಿಡಿದು ನನ್ನನ್ನು ಹಾಗೆ ಕರೆಯುತ್ತಿದ್ದ ನನ್ನ ಹೆಂಡತಿ ಸುಂದರಾ ತೀರಿಕೊಂಡು ಮೂರು ವರ್ಷ. ವಿಕ್ರಾಂತನ ಕೊರಳಪಟ್ಟಿ ಹಿಡಿದೆ.

"ಯಾರನ್ನ ಒದರಿಸಿದಿ ಲೇ?"

"ದೇವರಾಣಿ ಕಾಕಾ, ಇಲ್ಲಿ ಯಾರೂ ಇರ್ಲಿಲ್ರಿ!"

ಅವನನ್ನು ಬಿಟ್ಟು ಬದುವಿನ ಮೇಲೆ ನಿಂತು ಕೂಗಿದೆ: "ಬಂದ್ನಿ ಬೇ, ತಡಿ!"

ಮರುದಿನ ಬೆಳಿಗ್ಗೆಯೇ ನಿಪ್ಪಾಣಿಗೆ ಹೋಗಬೇಕಾಯಿತು. ಸಂಜೆ ಬಂದಾಗ ವಿಕ್ರಾಂತ ಅಂದಿನ ಮಧ್ಯಾಹ್ನ ಹೊಲದಲ್ಲಿ ಹಿಡಿದ ಸದ್ದು ಕೇಳಿಸಿದ. ಕೂಗು ಇರಲಿಲ್ಲ. ಬಳೆಯ ಸದ್ದಿತ್ತು, ಕಟಕ್ ರೊಟ್ಟಿ ಮುರಿಯುವ ಸದ್ದಿತ್ತು, ನಡುವೆ ನನ್ನದೇ ಕೆಮ್ಮಿತ್ತು. ಅಲ್ಲಿ ಅವಳೆದುರು ಕೂತು ಉಂಡವನ ಮೇಲೆ ನನಗೆ ಹೊಟ್ಟೆಕಿಚ್ಚಾಯಿತು.

ಬೆಳಗಿನಿಂದ ನಾನು ಏನೂ ತಿಂದಿರಲಿಲ್ಲ. ಆದರೂ ಹಸಿವಿರಲಿಲ್ಲ.