ಇದ್ದಿಲ ಲಾರಿಯ ಎಡಪಕ್ಕ

"ಯಾವ ಗಾಡಿ ಅಂತ ತೋರ್ಸು, ಆಮೇಲೆ ಪರಿಹಾರ ಕೇಳು ಅಂತಾರೆ ಲಾಯರ್ರು. ಸತ್ತೋರು ಎದ್ದು ಬಂದು ತೋರಿಸ್ತಾರಾ ಸ್ವಾಮಿ?"

ಹಲಸೂರಿನ ವಾಜಿದ್ ಸಾಹೇಬರ ಜಗಲಿಯ ಮೇಲೆ ಕೂತು ಅಂಜಿನಮ್ಮ ಹೀಗೆ ಕೇಳಿದಾಗ ನನ್ನ ಮೈ ಉರಿಯಿತು. ಅವಳ ಗಂಡ ಮುನಿಆಂಜನಪ್ಪ ಬೈಯಪ್ಪನಹಳ್ಳಿಯಿಂದ ಸೊಪ್ಪು ಹೊತ್ತು ಹಲಸೂರು ಸಂತೆಗೆ ಬರುತ್ತಿದ್ದವನು. ಮುಂಜಾನೆಯ ಮಂಜಿನಲ್ಲಿ ಹಿಂದಿನಿಂದ ಬಂದ ಲಾರಿಯೊಂದು ಅವನನ್ನು ಕೆಡವಿ, ನಿಲ್ಲದೆ ಹೋಗಿತ್ತು. ಇಟ್ಟಿಗೆ ಲಾರಿ ಎಂದಷ್ಟೇ ಟೀ ಅಂಗಡಿಯವರು ಕಂಡಿದ್ದರು. ಆ ರಸ್ತೆಯಲ್ಲಿ ಇಟ್ಟಿಗೆ ಸಾಗಿಸುತ್ತಿದ್ದವನು ಕೃಷ್ಣರಾಜಪುರದ ಶ್ರೀರಾಮಪ್ಪ. ಅವನೋ, ಆ ವಾರವೆಲ್ಲ ಲಾರಿ ಕೆಟ್ಟು ಶೆಡ್ಡಿನಲ್ಲೇ ಇತ್ತು ಎಂದು ಆಣೆ ಇಟ್ಟ. ಪೊಲೀಸರು ಲಾರಿಯ ಮೂತಿ ನೋಡಿದರು. ಒಂದು ಗೀರೂ ಇರಲಿಲ್ಲ. ಅಲ್ಲಿಗೆ ಮುಗಿಯಿತು. ಬ್ರಿಟಿಷರ ಕೈಲಿದ್ದ ದಂಡಿನ (ಕಂಟೋನ್ಮೆಂಟಿನ) ಪೊಲೀಸರು "ಲಾರಿ ಮೈಸೂರು ಸೀಮೆಯದು" ಎಂದರೆ, ಮೈಸೂರಿನವರು "ಸತ್ತದ್ದು ದಂಡಿನಲ್ಲಿ" ಎಂದರು. ಮನುಷ್ಯನ ಸಾವನ್ನು ಚೆಂಡಿನಂತೆ ಅತ್ತಿತ್ತ ಒದ್ದರು.

ವಾಜಿದ್ ಸಾಹೇಬರು ಪೊಲೀಸು ಜಮೇದಾರಿಕೆಯಿಂದ ನಿವೃತ್ತರಾದವರು. ದಂಡಿನ ಜನ ದಿಕ್ಕು ಕಾಣದಾಗ ಅವರ ಬಾಗಿಲಿಗೇ ಬರುತ್ತಿದ್ದರು. ನಾನು ಮುನಿರಾಜಪ್ಪ, ಪಕ್ಕದ ಮನೆಯವನು. ಅವರು ಯೋಚಿಸುತ್ತಿದ್ದರು, ನಾನು ಕೂಗಾಡುತ್ತಿದ್ದೆ.

ಸತ್ತವನ ಕಂಬಳಿಯನ್ನು ಅಂಜಿನಮ್ಮ ತಂದಿದ್ದಳು. ಬಲಭುಜದ ಜಾಗ ಕಮರಿತ್ತು. ಕಮರಿದ ಕಡೆ ಸಾಲಾಗಿ ದುಂಡನೆಯ ತೂತುಗಳು.

"ಬೀಡಿ ಕಿಡಿ ಅಂದ್ರು ಪೊಲೀಸ್ನೋರು."

"ನಿನ್ ಗಂಡ ಸೇದ್ತಿದ್ನಾ ಬೇಟಿ?"

"ಬೀಡಿ ಮುಟ್ಟಿದೋರೇ ಅಲ್ಲ."

ಮಧ್ಯಾಹ್ನ ಶ್ರೀರಾಮಪ್ಪನ ಶೆಡ್ಡಿಗೆ ಹೋದೆವು. "ಏನ್ ಸಾಹೇಬ್ರೇ, ನೋಡಕ್ ಬಂದ್ರೋ, ಕೊಳ್ಳಕ್ಕೋ?" ಎಂದು ಅವನು ನಕ್ಕ. ಯುದ್ಧದ ಕಾಲ, ಪೆಟ್ರೋಲು ಸಿಗದೆ ಲಾರಿಗಳು ಇದ್ದಿಲ ಗ್ಯಾಸಿನಲ್ಲಿ ಓಡುತ್ತಿದ್ದವು. ಈ ಲಾರಿಗೂ ಇದ್ದಿಲು ಉರಿಸುವ ದೊಡ್ಡ ಡ್ರಮ್ಮು ಡ್ರೈವರನ ಕೋಣೆಯ ಹಿಂದೆ, ಎಡಗಡೆಗೆ ಚಾಚಿಕೊಂಡಿತ್ತು. ಮೂತಿಯಲ್ಲಿ ಆಯುಧಪೂಜೆಯ ಹಾರ ಒಣಗಿ ತರಗಾಗಿತ್ತು. ಡ್ರಮ್ಮಿಗೆ ಮಾತ್ರ ದಪ್ಪಗೆ ಅರಿಶಿನ ಬಳಿದು ಕುಂಕುಮ ಇಟ್ಟಿದ್ದರು. ಅದರ ಕೆಳಗೆ ಒಡೆದ ಬೂದುಗುಂಬಳ. ಡ್ರೈವರ್ ಚಿನ್ನಪ್ಪ ನಮ್ಮ ಮುಖ ನೋಡಲಿಲ್ಲ.

"ಕೊಂದಿದ್ದೀಯ, ಮೇಲೆ ಹಲ್ ಬೇರೆ ಕಿರೀತೀಯೇನೋ!" ಎಂದು ನಾನು ನುಗ್ಗಿದೆ. ಸಾಹೇಬರು ತೋಳು ಹಿಡಿದು ಹೊರಗೆ ಎಳೆದರು. ದಾರಿಯುದ್ದಕ್ಕೂ ಅವರನ್ನೂ ಬೈದೆ.

ಮರುದಿನ ಸಾಹೇಬರು ಇನ್ಸ್‌ಪೆಕ್ಟರನ್ನೂ ಅಂಜಿನಮ್ಮನನ್ನೂ ಅದೇ ಶೆಡ್ಡಿಗೆ ಕರೆಸಿದರು. ಇನ್ಸ್‌ಪೆಕ್ಟರ್ ಬಂದಾಗಿನಿಂದ ಗಡಿಯಾರ ನೋಡುತ್ತಲೇ ಇದ್ದ.

"ಎಲ್ಲರೂ ಲಾರಿ ಮೂತಿ ನೋಡಿದ್ರಿ," ಎಂದರು ಸಾಹೇಬರು. "ಮೂತಿ ಅವನನ್ನ ಮುಟ್ಟೇ ಇಲ್ಲ. ಅವನು ರಸ್ತೆಯ ಎಡ ಅಂಚಲ್ಲಿ ನಡೀತಿದ್ದ. ಲಾರಿ ಪಕ್ಕದಲ್ಲೇ ಹಾದುಹೋಯ್ತು. ಚಾಚಿಕೊಂಡಿದ್ದ ಈ ಡ್ರಮ್ಮು ಬಲಭುಜಕ್ಕೆ ಹೊಡೀತು. ಕಾದ ಕಬ್ಬಿಣ, ಕಂಬಳಿ ಕಮರ್ತು."

"ಇದ್ದಿಲ ಲಾರಿ ಊರ್ ತುಂಬ ಅವೆ," ಎಂದ ಶ್ರೀರಾಮಪ್ಪ.

"ಅವೆ. ಆದ್ರೆ ಇದ್ದಿಲ ಡ್ರಮ್ಮಿಗೆ ಪೂಜೆ ಮಾಡಿದ ಲಾರಿ ಇದೊಂದೇ. ಗಾಡಿ ಪೂಜೆ ಅಂದ್ರೆ ಮೂತಿಗೆ ಹಾರ, ಚಕ್ರಕ್ಕೆ ನಿಂಬೆಹಣ್ಣು. ಇಲ್ಲಿ ಹಳೇ ಹಾರಾನೂ ತೆಗ್ದಿಲ್ಲ. ಸಾವು ಮುಟ್ಟಿದ ಜಾಗದ ಮೈಲಿಗೆ ಕಳೆದಿದ್ದೀರಿ. ಪೊಲೀಸ್ರಿಗೆ ಕಾಣದ ಜಾಗಾನ ನೀವೇ ಅರಿಶಿನ ಬಳಿದು ತೋರ್ಸಿದ್ರಿ!"

ಸಾಹೇಬರು ಚಾಕುವಿನಿಂದ ಅರಿಶಿನ ಕೆರೆದರು. ಕೆಳಗೆ ಸಾಲಾಗಿ ರಿವೆಟ್ಟುಗಳ ಉಬ್ಬು ತಲೆ. ಅವುಗಳ ಸುತ್ತ ಸುಟ್ಟು ಅಂಟಿದ ಉಣ್ಣೆ. ಕಂಬಳಿಯನ್ನು ಮೇಲಿಟ್ಟರು. ಒಂದೊಂದು ತೂತಿನಲ್ಲೂ ಒಂದೊಂದು ರಿವೆಟ್ಟು ಸರಿಯಾಗಿ ಕೂತಿತು.

"ಹೇಳ್ರೀ ಈಗ, ಇದೂ ಬೀಡಿ ಕಿಡೀನಾ?" ಎಂದು ನಾನು ಇನ್ಸ್‌ಪೆಕ್ಟರನ ಮುಖಕ್ಕೇ ಕೇಳಿದೆ. ಅವನು ಕೆಮ್ಮಿ, ಪೆನ್ಸಿಲ್ ತೆಗೆದು ಲಾರಿಯ ನಂಬರು ಬರೆದುಕೊಂಡ. ಅಂಜಿನಮ್ಮನ ದಾವೆಗೆ ಗಾಡಿ ಸಿಕ್ಕಿತು.

ಶ್ರೀರಾಮಪ್ಪ ಬಾಯಿ ತೆರೆಯುವ ಮೊದಲೇ ಚಿನ್ನಪ್ಪ ಕುಸಿದು ಅವಳ ಕಾಲು ಹಿಡಿದ. "ಧಣಿ ಸುಳ್ಳು ಹೇಳು ಅಂದ್ರು ಅಕ್ಕಾ. ನಾನೇ ಓಡಿಸ್ತಿದ್ದೆ. ಬಿದ್ದಿದ್ದು ಗೊತ್ತಾಯ್ತು. ನಿಲ್ಸಿದ್ರೆ ಇಂಜಿನ್ ಆರೋಗ್ತದೆ, ಇದ್ದಿಲ ಬೆಂಕಿ ಮತ್ತೆ ಹತ್ಸೋಕೆ ಹೊತ್ತಾಗ್ತದೆ ಅಂತ..."

ಅಂಜಿನಮ್ಮ ಕಾಲು ಹಿಂದಕ್ಕೆಳೆದುಕೊಂಡಳು.

"ಬೆಂಕಿ ಆರಿದ್ರೆ ಮತ್ತೆ ಹತ್ಸಬೋದಾಗಿತ್ತಲ್ಲಪ್ಪಾ," ಎಂದಳು.